ಓಲ್ಮಿ ಸಿನಿಮಾ ನೋಡಿ ಅಪ್ಪ ಕೇಳಿದ ಪ್ರಶ್ನೆ: ಅಷ್ಟು ಮನೆಯಲ್ಲಿ ಒಬ್ಬರೂ ಯಾಕೆ ಹೊರಗೆ ಬರಲಿಲ್ಲ?

ಮಲೆನಾಡಿಗ

ಎಲ್ಲರಿಗೂ ನಮಸ್ಕಾರ. ಹೋದ ಭಾನುವಾರ ಅಪ್ಪನ ಜೊತೆ ಕೂತು ಎರ್ಮಾನ್ನೊ ಓಲ್ಮಿಯ 'ದಿ ಟ್ರೀ ಆಫ್ ವುಡನ್ ಕ್ಲಾಗ್ಸ್' ನೋಡಿದೆ. ಮರದ ಮೆಟ್ಟುಗಳ ಮರ ಅಂತ ಅರ್ಥ. 1978ರ ಇಟಲಿ ಸಿನಿಮಾ, ಮೂರು ಗಂಟೆಗಿಂತ ಜಾಸ್ತಿ. ಅಪ್ಪನಿಗೆ 74. ಕೆಳಗೆ ಬರುವ ಇಂಗ್ಲಿಷ್ ಓದಲು ಅವರಿಗೆ ಆಗುವುದಿಲ್ಲ, ಹಾಗಾಗಿ ಮೊದಮೊದಲು ನಾನೇ ಹೇಳುತ್ತಾ ಹೋದೆ. ಅರ್ಧ ಗಂಟೆ ಆದ ಮೇಲೆ 'ನೀ ಸುಮ್ನೆ ಕೂತ್ಕೊ, ನಂಗೆ ಗೊತ್ತಾಗ್ತದೆ' ಅಂದರು.

ನೋಡದವರಿಗೆ ಕಥೆ ಚಿಕ್ಕದಾಗಿ ಹೇಳುತ್ತೇನೆ. 1898ರ ಆಸುಪಾಸು, ಉತ್ತರ ಇಟಲಿಯ ಬೆರ್ಗಮೊ ಕಡೆಯ ಹಳ್ಳಿ. ಒಂದೇ ದೊಡ್ಡ ವಠಾರದಲ್ಲಿ ನಾಲ್ಕು ಒಕ್ಕಲು ಕುಟುಂಬ. ಮನೆ, ಕೊಟ್ಟಿಗೆ, ಹೊಲ, ಮರ ಎಲ್ಲ ಧಣಿಯದ್ದು. ಬೆಳೆದದ್ದರಲ್ಲಿ ಮೂರರಲ್ಲಿ ಎರಡು ಪಾಲು ಅವನಿಗೆ. ಬತಿಸ್ತೀ ಎನ್ನುವವನ ಮಗ ಮಿನೆಕ್ ದಿನಾ ಮೈಲಿಗಟ್ಟಲೆ ನಡೆದು ಶಾಲೆಗೆ ಹೋಗುತ್ತಾನೆ. ಒಂದು ದಿನ ಅವನ ಮರದ ಮೆಟ್ಟು ಒಡೆದುಹೋಗುತ್ತದೆ. ಅಪ್ಪ ರಾತ್ರಿ ಕಳ್ಳನ ಹಾಗೆ ಹೋಗಿ ಕಾಲುವೆ ಬದಿಯ ಒಂದು ಮರ ಕಡಿದು ತಂದು ಮಗನಿಗೆ ಹೊಸ ಮೆಟ್ಟು ಕೆತ್ತುತ್ತಾನೆ. ಧಣಿಗೆ ಗೊತ್ತಾಗುತ್ತದೆ. ಮನೆ ಬಿಡಿಸುತ್ತಾರೆ.

ಅವರು ಗಾಡಿಗೆ ಸಾಮಾನು ಹೇರುವಾಗ ಉಳಿದ ಮನೆಯವರೆಲ್ಲ ಒಳಗೇ ನಿಂತು ನೋಡುತ್ತಾರೆ. ಗಾಡಿ ಹೊರಟ ಮೇಲಷ್ಟೇ ಅಂಗಳಕ್ಕೆ ಬರುತ್ತಾರೆ. ಆ ಹೊತ್ತಿಗೆ ಕತ್ತಲಲ್ಲಿ ದೂರ ಹೋಗುವ ಗಾಡಿಯ ದೀಪ ಮಾತ್ರ ಕಾಣುತ್ತದೆ. ಸಿನಿಮಾ ಮುಗಿದ ಮೇಲೆ ಅಪ್ಪ ತುಂಬಾ ಹೊತ್ತು ಮಾತಾಡಲಿಲ್ಲ. ಆಮೇಲೆ ಕೇಳಿದ್ದು ಒಂದೇ. 'ಅಷ್ಟು ಜನ ಇದ್ರಲ್ಲ, ಒಬ್ಬರೂ ಯಾಕೆ ಹೊರಗೆ ಬರಲಿಲ್ಲ?'

ನಮ್ಮ ಅಜ್ಜ 1974ರಲ್ಲಿ ಭೂಸುಧಾರಣೆ ಕಾನೂನಿನಡಿ ಗೇಣಿ ಜಮೀನು ತನಗೆ ಬರಲಿ ಅಂತ ಡಿಕ್ಲರೇಷನ್ ಹಾಕುವ ತನಕ ಗೇಣಿ ಒಕ್ಕಲು. ಅಪ್ಪನ ಪ್ರಶ್ನೆಗೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಈ ಓಲ್ಮಿ ಯಾರು, ಇಂಥದ್ದನ್ನು ಹೇಗೆ ಬರೆದ? ಕಥೆ, ಕ್ಯಾಮೆರಾ, ಸಂಕಲನ ಎಲ್ಲ ಒಬ್ಬನೇ ಮಾಡಿದ್ದು ಅಂತ ಟೈಟಲ್‌ನಲ್ಲಿ ನೋಡಿದೆ, ನಿಜವಾ? ಅಪ್ಪನಿಗೆ ಮುಂದೆ ಯಾವುದು ತೋರಿಸಲಿ?

ಹಳೇ ಟಾಕೀಸು

ನಿಮ್ಮ ಅಪ್ಪನಿಗೆ ನನ್ನ ನಮಸ್ಕಾರ ಹೇಳಿ. ಮೂರು ಗಂಟೆ ಕೂತು ನೋಡಿದರಲ್ಲ.

ರೀಲ್ ಡಬ್ಬಿ

ನಿಜ, ಆ ಸಿನಿಮಾಕ್ಕೆ ಕಥೆ, ಚಿತ್ರಕಥೆ, ಕ್ಯಾಮೆರಾ, ಸಂಕಲನ, ನಿರ್ದೇಶನ ಎಲ್ಲ ಅವನದ್ದೇ. ಕಾನ್ ಚಿತ್ರೋತ್ಸವದಲ್ಲಿ ಆ ವರ್ಷದ ದೊಡ್ಡ ಪ್ರಶಸ್ತಿ ಪಾಮ್ ದೋರ್ ಬಂತು. ನಟರು ಒಬ್ಬರೂ ನಟರಲ್ಲ, ಆ ಕಡೆಯ ರೈತರು ಮತ್ತು ಹಳ್ಳಿ ಜನ.

ಓಲ್ಮಿ ಹುಟ್ಟಿದ್ದು 1931ರಲ್ಲಿ, ತ್ರೆವಿಲ್ಯೊ ಎಂಬ ಊರಲ್ಲಿ. ಅಪ್ಪ ರೈಲ್ವೆಯಲ್ಲಿ ಕೆಲಸ, ಯುದ್ಧದ ಕಾಲದಲ್ಲಿ ತೀರಿಕೊಂಡ. ಅಮ್ಮ ಎಡಿಸನ್ ಎಂಬ ವಿದ್ಯುತ್ ಕಂಪನಿಯಲ್ಲಿ ಕೆಲಸಕ್ಕಿದ್ದಳು, ಮಗನಿಗೂ ಮಿಲಾನ್‌ನಲ್ಲಿ ಅದೇ ಕಂಪನಿಯಲ್ಲಿ ಕೆಲಸ ಸಿಕ್ಕಿತು. ಅಲ್ಲಿ ನೌಕರರಿಗೆ ನಾಟಕ, ಮನರಂಜನೆ ಅಂತ ನೋಡಿಕೊಳ್ಳುತ್ತಿದ್ದವನಿಗೆ ಕಂಪನಿಯ ಕೆಲಸಗಳ ಬಗ್ಗೆ ಸಾಕ್ಷ್ಯಚಿತ್ರ ಮಾಡುವ ಹೊಣೆ ಬಂತು. 1953ರಿಂದ 1961ರ ತನಕ 40ರಷ್ಟು ಮಾಡಿದ. ಅಣೆಕಟ್ಟು, ವಿದ್ಯುತ್ ತಂತಿ ಎಳೆಯುವವರು, ಬೆಟ್ಟದ ಮೇಲಿನ ಕೂಲಿಗಳು. ಸಿನಿಮಾ ಶಾಲೆಗೆ ಹೋಗಲಿಲ್ಲ. ಅವನ ಶಾಲೆ ಅಂದರೆ ಅದೇ.

ಮೊದಲ ಕಥಾಚಿತ್ರವೂ ಹಾಗೇ ಹುಟ್ಟಿದ್ದು. ಅಣೆಕಟ್ಟಿನ ಬಗ್ಗೆ ಸಾಕ್ಷ್ಯಚಿತ್ರ ಮಾಡಲು ಹೋಗಿ, ಚಳಿಗಾಲದಲ್ಲಿ ಹಿಮದ ನಡುವೆ ಆ ಅಣೆಕಟ್ಟು ಕಾಯುವ ಒಬ್ಬ ಮುದುಕ, ಅವನ ಜೊತೆಗೆ ಬಂದ ಒಬ್ಬ ಹುಡುಗ ಅಂತ ಕಥೆ ಮಾಡಿದ. 1959ರ 'ಕಾಲ ನಿಂತಿತು'. ಇಬ್ಬರೇ, ಒಂದೇ ಕೋಣೆ, ಹೊರಗೆ ಹಿಮ. ಮೊದಲು ಮಾತೇ ಇಲ್ಲ, ಆಮೇಲೆ ನಿಧಾನಕ್ಕೆ ಸ್ನೇಹ. ಅಷ್ಟೇ ಕಥೆ. ಒಂದು ಕ್ಷಣವೂ ಬೇಜಾರಾಗುವುದಿಲ್ಲ.

ಮಿಲಾನ್ ಕನ್ನಡಿಗ

ಒಂದು ತಿದ್ದುಪಡಿ. ತ್ರೆವಿಲ್ಯೊ ಅಂತ ಬಹಳ ಕಡೆ ಬರೆದಿರುತ್ತಾರೆ, ಆದರೆ ಓಲ್ಮಿ ಹುಟ್ಟಿದ್ದು ಬೆರ್ಗಮೊ ನಗರದಲ್ಲೇ, ಮಲ್ಪೆನ್ಸಾತ ಎಂಬ ಬಡಾವಣೆಯಲ್ಲಿ. ತ್ರೆವಿಲ್ಯೊ ಅವನು ಬಾಲ್ಯ ಕಳೆದ ಊರು.

ನಾನು ಮಿಲಾನ್‌ಗೆ ಬಂದು ಒಂಬತ್ತು ವರ್ಷ. ನನ್ನ ಆಫೀಸಿನಲ್ಲಿ ಬೆರ್ಗಮೊ ಹಳ್ಳಿಯಿಂದ ಬರುವ ಒಬ್ಬರಿದ್ದಾರೆ. ಅವರಿಗೆ ಈ ಸಿನಿಮಾದ ಹೆಸರು ಹೇಳಿದರೆ ಸಾಕು, ತಮ್ಮ ಅಜ್ಜಿಯ ಮಾತು ಶುರು ಮಾಡುತ್ತಾರೆ. ಓಲ್ಮಿ ಕೂಡ ಈ ಕಥೆಗಳನ್ನು ತಂದದ್ದು ತನ್ನ ಅಜ್ಜಿ ಹೇಳಿದ್ದರಿಂದಲೇ. ಬರೆದ ಅನ್ನುವುದಕ್ಕಿಂತ ಕೇಳಿಸಿಕೊಂಡ ಅನ್ನುವುದು ಸರಿ.

ರೀಲ್ ಡಬ್ಬಿ

ಥ್ಯಾಂಕ್ಸ್, ತಿದ್ದಿಕೊಂಡೆ. ನಾನು ಓದಿದ ಹಳೇ ಪುಸ್ತಕದಲ್ಲಿ ತ್ರೆವಿಲ್ಯೊ ಅಂತಲೇ ಇತ್ತು.

ಕೆಂಪು ಹೊಲ

ಎಲ್ಲರೂ ಹೊಗಳುತ್ತಿದ್ದೀರಿ. ನನಗೆ ಈ ಸಿನಿಮಾ ಮೇಲೆ ಇರುವ ತಕರಾರು ಮಲೆನಾಡಿಗರ ಅಪ್ಪ ಕೇಳಿದ ಪ್ರಶ್ನೆಯೇ. ಅನ್ಯಾಯ ಆಗುತ್ತಿದೆ, ಜನ ಜಪಮಾಲೆ ಹಿಡಿದು ಒಳಗೆ ನಿಂತಿದ್ದಾರೆ. ಓಲ್ಮಿ ಅದನ್ನು ಎಷ್ಟು ಚೆನ್ನಾಗಿ ತೋರಿಸುತ್ತಾನೆ ಅಂದರೆ ನಮಗೆ ಸಿಟ್ಟೇ ಬರುವುದಿಲ್ಲ, ಬರೀ ಕಣ್ಣೀರು ಬರುತ್ತದೆ. ಹಿಂದೆ ಬಾಖ್ ಎಂಬ ಹಳೇ ಸಂಗೀತಗಾರನ ಆರ್ಗನ್ ಸಂಗೀತ ಬೇರೆ. ಇಟಲಿಯಲ್ಲೇ ಎಡಪಂಥದವರು ಆಗ ಇದನ್ನೇ ಹೇಳಿದರು. ಎರಡು ವರ್ಷ ಮೊದಲು ಬೆರ್ತೊಲುಚ್ಚಿ ಎಂಬ ನಿರ್ದೇಶಕ '1900' ಅಂತ ಸಿನಿಮಾ ಮಾಡಿದ್ದ. ಅದರಲ್ಲಿ ಅದೇ ಉತ್ತರ ಇಟಲಿಯ ರೈತರು ಕವೆಗೋಲು ಹಿಡಿದು ಧಣಿಯ ಫ್ಯಾಸಿಸ್ಟ್ ಮೇಸ್ತ್ರಿಯನ್ನು ಅಟ್ಟಿಸಿಕೊಂಡು ಹೋಗುತ್ತಾರೆ.

ಇನ್ನೊಂದು ವಿಷಯ. 1898ರ ಮೇ ತಿಂಗಳಲ್ಲಿ ಮಿಲಾನ್‌ನಲ್ಲಿ ಏನಾಯಿತು ಗೊತ್ತಾ? ರೊಟ್ಟಿಯ ಬೆಲೆ ಏರಿದ್ದಕ್ಕೆ ಜನ ಬೀದಿಗೆ ಬಂದರು. ಬಾವಾ ಬೆಕ್ಕಾರಿಸ್ ಎಂಬ ಜನರಲ್ ಜನರ ಮೇಲೆ ಫಿರಂಗಿ ಹೊಡೆಸಿದ. ಸರ್ಕಾರದ ಲೆಕ್ಕದಲ್ಲೇ 80ರಷ್ಟು ಜನ ಸತ್ತರು. ಓಲ್ಮಿಯ ಸಿನಿಮಾದಲ್ಲಿ ಹೊಸದಾಗಿ ಮದುವೆಯಾದ ಜೋಡಿ ದೋಣಿಯಲ್ಲಿ ಮಿಲಾನ್‌ಗೆ ಹೋಗುತ್ತದೆ. ದೂರದಲ್ಲಿ ಹೊಗೆ, ಸರಪಳಿ ಹಾಕಿದ ಕೆಲವು ಕೈದಿಗಳು. ಅಷ್ಟೇ! ಫಿರಂಗಿ ಎಲ್ಲಿ?

ಸಂಕಲನದ ಮೇಜು

ಕೆಂಪು ಹೊಲ ಅವರೇ, ನೀವು ಕೇಳುವುದು ಬೇರೆ ಸಿನಿಮಾ. ಆ ಹುಡುಗ ಹುಡುಗಿ ಹಳ್ಳಿಯವರು, ಮಿಲಾನ್ ಅವರಿಗೆ ಹೊಸದು. ಅವರ ಕಣ್ಣಿಗೆ ಕಂಡದ್ದು ಹೊಗೆ ಮತ್ತು ಕೈದಿಗಳು. ಓಲ್ಮಿ ತನ್ನ ಜನರಿಗೆ ಗೊತ್ತಿರುವುದಕ್ಕಿಂತ ಜಾಸ್ತಿ ನಮಗೆ ತೋರಿಸುವುದಿಲ್ಲ. ಅದು ಅವನ ನಿಯಮ.

ಸಂತೆಯ ದೃಶ್ಯ ನೆನಪು ಮಾಡಿಕೊಳ್ಳಿ. ಒಬ್ಬ ಭಾಷಣಕಾರ ಸಮಾನತೆ ಬಗ್ಗೆ ಜೋರಾಗಿ ಮಾತಾಡುತ್ತಿದ್ದಾನೆ. ಗುಂಪಿನಲ್ಲಿ ಅದೇ ವಠಾರದ ಒಕ್ಕಲು ಫಿನಾರ್ದ್ ನಿಂತಿದ್ದಾನೆ. ಕೆಳಗೆ ನೋಡುತ್ತಾನೆ, ಒಂದು ಚಿನ್ನದ ನಾಣ್ಯ. ಕಾಲಿನಿಂದ ಮುಚ್ಚಿಕೊಳ್ಳುತ್ತಾನೆ. ಅಲ್ಲಿಂದ ಮುಂದೆ ಭಾಷಣ ಅವನಿಗೂ ಕೇಳಿಸುವುದಿಲ್ಲ, ನಮಗೂ ಕೇಳಿಸುವುದಿಲ್ಲ. ಮನೆಗೆ ಬಂದು ಆ ನಾಣ್ಯವನ್ನು ಕುದುರೆಯ ಗೊರಸಿನಲ್ಲಿ ಅಡಗಿಸಿಡುತ್ತಾನೆ. ಆಮೇಲೆ ಅದು ಕಾಣೆ. ಕುದುರೆಯನ್ನು ಹೊಡೆಯುತ್ತಾನೆ, ಕುದುರೆ ಇವನನ್ನೇ ಅಟ್ಟಿಸಿಕೊಂಡು ಬರುತ್ತದೆ. ಜನರನ್ನು ದೇವತೆಗಳ ಹಾಗೆ ತೋರಿಸುವವನು ಇಂಥ ದೃಶ್ಯ ಬರೆಯುತ್ತಾನಾ?

ಕೆಂಪು ಹೊಲ

ನಾಣ್ಯದ ದೃಶ್ಯ ನನ್ನ ಮಾತಿಗೇ ಸಾಕ್ಷಿ ಆಯಿತಲ್ಲ. ಭಾಷಣಕ್ಕಿಂತ ನಾಣ್ಯ ದೊಡ್ಡದು ಅಂತ ಹೇಳಿದ ಹಾಗೆ.

ಸಂಕಲನದ ಮೇಜು

ಹಸಿದವನಿಗೆ ದೊಡ್ಡದೇ ಅಲ್ವಾ?

ತೆಂಗಿನ ತೋಟ

ನಾನು ರೈತ, ಸಿನಿಮಾ ಪಂಡಿತ ಅಲ್ಲ. ಅಳಿಯ ಪೆನ್‌ಡ್ರೈವ್‌ನಲ್ಲಿ ಹಾಕಿಕೊಟ್ಟಿದ್ದ. ನನಗೆ ಹಿಡಿಸಿದ್ದು ಅನ್ಸೆಲ್ಮೊ ಅಜ್ಜ. ಚಳಿಗಾಲದಲ್ಲಿ ಮೊಮ್ಮಗಳ ಜೊತೆ ಗುಟ್ಟಾಗಿ ಟೊಮೆಟೊ ಸಸಿ ಮಾಡುತ್ತಾನೆ. ದನದ ಗೊಬ್ಬರ ಬಿಟ್ಟು ಕೋಳಿ ಗೊಬ್ಬರ ಹಾಕುತ್ತಾನೆ, ಮಣ್ಣು ಬಿಸಿ ಇರಲಿ ಅಂತ. ಬೇರೆಯವರಿಗಿಂತ ಒಂದು ತಿಂಗಳು ಮೊದಲೇ ಹಣ್ಣು ಪೇಟೆಗೆ ಬರಬೇಕು, ಅಷ್ಟೇ ಆಸೆ. ಕೋಳಿ ಗೊಬ್ಬರ ಕಾವು ಜಾಸ್ತಿ ಅನ್ನುವುದು ನಮ್ಮಲ್ಲೂ ಎಲ್ಲರಿಗೂ ಗೊತ್ತು. ಹಸಿಯಾಗಿ ಹಾಕಿದರೆ ಬೇರು ಸುಟ್ಟೇ ಹೋಗುತ್ತದೆ, ಕೊಳೆಸಿ ಹಾಕಬೇಕು. ಅಜ್ಜ ಆ ಮಣ್ಣನ್ನು ಕೈಯಲ್ಲಿ ಉದುರಿಸಿ ನೋಡುವ ರೀತಿ ಇದೆಯಲ್ಲ, ಅದು ನಟನೆ ಅಲ್ಲ. ಹೊಲದಲ್ಲಿ ಬದುಕಿದ ಕೈ ಅದು.

ಕೆಂಪು ಹೊಲ ಅವರ ಮಾತಿಗೆ ಒಂದು ಮಾತು. ಆ ಅಜ್ಜ ಸುಮ್ಮನೆ ಸಹಿಸಿಕೊಂಡು ಕೂತವನಾ? ಧಣಿಗೆ ಗೊತ್ತಾಗದ ಹಾಗೆ ಒಂದು ತಿಂಗಳನ್ನೇ ಗೆದ್ದುಕೊಂಡ.

ಬೆಳ್ಳಿ ಪರದೆ

ಹಂದಿ ಕಡಿಯುವ ದೃಶ್ಯ ನಿಜವಾದದ್ದಂತೆ, ಹೆಬ್ಬಾತಿನದ್ದೂ. ನಾನು ಅಲ್ಲಿಗೇ ನಿಲ್ಲಿಸಿದೆ. ಕಲೆಯ ಹೆಸರಲ್ಲಿ ಇದು ಬೇಕಿತ್ತಾ?

ತೆಂಗಿನ ತೋಟ

ಅದು ಹಳ್ಳಿಯಲ್ಲಿ ಪ್ರತಿ ಚಳಿಗಾಲವೂ ನಡೆಯುತ್ತಿದ್ದದ್ದು ಮೇಡಂ. ಸಿನಿಮಾಕ್ಕೆ ಅಂತ ಕೊಂದದ್ದಲ್ಲ, ಆ ಜನ ಹೇಗೂ ಕಡಿದು ತಿನ್ನುವವರೇ.

ಬೆಳ್ಳಿ ಪರದೆ

ಇರಬಹುದು. ಆದರೆ ಕ್ಯಾಮೆರಾ ಮುಖ ತಿರುಗಿಸಬಹುದಿತ್ತು. ಬತಿಸ್ತೀಯ ಹೆಂಡತಿಗೆ ಹೆರಿಗೆ ಆಗುವಾಗ ಕ್ಯಾಮೆರಾ ಒಳಗೆ ಹೋಗಿ ನೋಡುವುದಿಲ್ಲ. ಹಂದಿಯ ವಿಷಯದಲ್ಲಿ ಮಾತ್ರ ಯಾಕೆ ಅಷ್ಟು ಹತ್ತಿರ? ನನಗೆ ಈ ಪ್ರಶ್ನೆ ಇವತ್ತಿಗೂ ಇದೆ.

ಮಿಲಾನ್ ಕನ್ನಡಿಗ

ಬೆಳ್ಳಿ ಪರದೆ ಅವರ ಪ್ರಶ್ನೆ ಸರಿಯಾಗೇ ಇದೆ, ಇಲ್ಲೂ ಜನ ಇದನ್ನು ಕೇಳುತ್ತಾರೆ.

ಭಾಷೆಯ ವಿಷಯ ಯಾರೂ ಎತ್ತಲಿಲ್ಲ. ಸಿನಿಮಾ ತೆಗೆದದ್ದು ಬೆರ್ಗಮೊದ ಆಡುಮಾತಿನಲ್ಲಿ. ಅದು ಇಟಾಲಿಯನ್‌ಗೆ ಎಷ್ಟು ದೂರ ಅಂದರೆ ರೋಮ್‌ನವರಿಗೆ ಅರ್ಥವೇ ಆಗುವುದಿಲ್ಲ. ಹಾಗಾಗಿ ಇಟಲಿಯೊಳಗೇ ತೋರಿಸಲು ಅದೇ ಜನರಿಂದ ಇಟಾಲಿಯನ್‌ನಲ್ಲಿ ಮಾತು ಹೇಳಿಸಿ ಇನ್ನೊಂದು ಆವೃತ್ತಿ ಮಾಡಿದರು. ನೋಡುವಾಗ ಯಾವುದು ಅಂತ ನೋಡಿಕೊಳ್ಳಿ. ಆಡುಮಾತಿನದ್ದೇ ನೋಡಬೇಕು. ಪದಗಳ ಕೊನೆ ಕತ್ತರಿಸಿದ ಹಾಗೆ, ಗಂಟಲಲ್ಲೇ ನಿಲ್ಲುವ ಮಾತು. ಧಣಿಯ ಮನೆಯ ಇಟಾಲಿಯನ್ ಬಂದ ಕೂಡಲೇ ಇವರ ಸ್ವರ ತಗ್ಗುತ್ತದೆ.

ಚಳಿಗಾಲದ ರಾತ್ರಿ ಎಲ್ಲರೂ ಕೊಟ್ಟಿಗೆಯಲ್ಲಿ ಸೇರುತ್ತಾರಲ್ಲ, ಅದು ನಿಜವಾಗಿ ಇದ್ದ ಪದ್ಧತಿ. ಸೌದೆ ಉಳಿಸಲು. ದನಗಳ ಉಸಿರಿನ ಬಿಸಿ ಸಾಕು. ಹೆಂಗಸರು ನೂಲು ತೆಗೆಯುತ್ತಾ, ಗಂಡಸರು ಕಥೆ ಹೇಳುತ್ತಾ. ನನ್ನ ಪ್ರಕಾರ ಓಲ್ಮಿಯ ಚಿತ್ರಕಥೆಯೇ ಆ ಕೊಟ್ಟಿಗೆಯ ಹಾಗಿದೆ. ಒಬ್ಬರ ಕಥೆ ಅರ್ಧಕ್ಕೆ ನಿಲ್ಲುತ್ತದೆ, ಇನ್ನೊಬ್ಬರದು ಶುರು, ಆಮೇಲೆ ಮತ್ತೆ ಮೊದಲಿನದು.

ಇನ್ನೊಂದು ಹೇಳಬೇಕು. ಬೆರ್ಗಮೊ ಕಡೆಯ ಬಯಲಿನ ದೊಡ್ಡ ಡೈರಿಗಳಲ್ಲಿ ಈಗ ಹಾಲು ಕರೆಯುವವರಲ್ಲಿ ತುಂಬಾ ಜನ ನಮ್ಮ ಪಂಜಾಬಿನವರು. ಹಳೇ ವಠಾರಗಳ ಅಂಗಳದಲ್ಲಿ ಪೇಟ ಕಟ್ಟಿದವರು ಸೈಕಲ್ ನಿಲ್ಲಿಸಿರುವುದನ್ನು ನಾನೇ ನೋಡಿದ್ದೇನೆ.

ಹಳೇ ಟಾಕೀಸು

ಈ ಕೊನೆಯ ವಿಷಯ ಗೊತ್ತೇ ಇರಲಿಲ್ಲ. ಓಲ್ಮಿ ಇದ್ದಿದ್ದರೆ ಅದನ್ನೂ ತೆಗೆಯುತ್ತಿದ್ದ.

ರೀಲ್ ಡಬ್ಬಿ

2009ರಲ್ಲಿ 'ತೆರ್ರಾ ಮಾದ್ರೆ' ಅಂತ ಒಂದು ಸಾಕ್ಷ್ಯಚಿತ್ರ ಮಾಡಿದ, ಭೂತಾಯಿ ಅಂತ ಅರ್ಥ. ಟುರಿನ್‌ನಲ್ಲಿ ಸ್ಥಳೀಯ ಆಹಾರ ಉಳಿಸುವ ಸ್ಲೋ ಫುಡ್ ಎಂಬ ಸಂಘಟನೆಯವರು ಲೋಕದ ರೈತರನ್ನೆಲ್ಲ ಸೇರಿಸಿದ್ದರ ಬಗ್ಗೆ. ಅದರಲ್ಲಿ ನಮ್ಮ ವಂದನಾ ಶಿವ ಅವರ ಡೆಹ್ರಾಡೂನ್ ಹೊಲವೂ ಇದೆ, ಬೀಜ ಉಳಿಸುವ ಕೆಲಸ. 78ರ ಹತ್ತಿರದ ವಯಸ್ಸಿನಲ್ಲಿ ಅವನ ಕಣ್ಣು ಅಲ್ಲಿಗೆ ಹೋಗಿತ್ತು.

ಧಾರವಾಡದಾಕಿ

ಎಲ್ಲರೂ ಒಂದೇ ಸಿನಿಮಾದಾಗ ನಿಂತುಬಿಟ್ಟೀರಿ. ಮಲೆನಾಡಿಗರೇ, ಅಪ್ಪಾವರಿಗೆ ಮುಂದೆ 'ಇಲ್ ಪೋಸ್ತೊ' ತೋರಿಸಿ. ಪೋಸ್ತೊ ಅಂದರೆ ಹುದ್ದೆ, ಕೆಲಸ. 1961ರದ್ದು.

ನಾನು ಪಿಯುಸಿ ಮುಗಿಸಿ ಒಂದು ಕಚೇರಿಯ ಗುಮಾಸ್ತೆ ಹುದ್ದೆಗೆ ಪರೀಕ್ಷೆ ಬರೆದವಳು. ಅವತ್ತು ಬೆಳಿಗ್ಗೆ ಐದೂವರೆ ಬಸ್ಸಿಗೆ ಹೋಗಿ, ನಾಲ್ಕು ತಾಸು ಕಾರಿಡಾರಿನಲ್ಲಿ ಕೂತು, ಆಮೇಲೆ ಇವತ್ತು ಆಗುವುದಿಲ್ಲ ನಾಳೆ ಬನ್ನಿ ಅಂದರು. ಈ ಸಿನಿಮಾದ ಹುಡುಗ ದೊಮೆನಿಕೊ ಕೂಡ ಹಾಗೇ ಊರಿನಿಂದ ಮಿಲಾನ್‌ಗೆ ರೈಲಿನಲ್ಲಿ ಬರುತ್ತಾನೆ. ಒಂದು ಸಣ್ಣ ಲೆಕ್ಕ ಕೊಡುತ್ತಾರೆ. ಆಮೇಲೆ ಬೈಠಕ್ ಹೊಡೆಸುತ್ತಾರೆ. ಆಮೇಲೆ ಏನೇನೋ ಪ್ರಶ್ನೆ. ನೋಡುವಾಗ ನನ್ನ ಅಂಗೈ ಬೆವೆತಿತ್ತು.

ಅಲ್ಲಿ ಪರೀಕ್ಷೆಗೆ ಬಂದ ಅಂತೊನಿಯೆತ್ತ ಎಂಬ ಹುಡುಗಿಯ ಜೊತೆ ಮಧ್ಯಾಹ್ನ ಕಾಫಿ ಕುಡಿಯಲು ಹೋಗುತ್ತಾನೆ. ಇಬ್ಬರಿಗೂ ಅಂಥ ಕಡೆ ಹೋಗಿ ಗೊತ್ತಿಲ್ಲ. ಕುಡಿದ ಮೇಲೆ ಕಪ್ಪು ಎಲ್ಲಿ ಇಡಬೇಕು ಅಂತ ಅತ್ತಿತ್ತ ನೋಡುತ್ತಾರೆ. ಹೀರೋ ಹೀರೋಯಿನ್ ಕಪ್ಪು ಎಲ್ಲಿಡುವುದು ಅಂತ ಪೇಚಾಡುವ ಸಿನಿಮಾ ನಾನು ಇನ್ನೊಂದು ನೋಡಿಲ್ಲ.

ಗುಮಾಸ್ತೆ ಹುದ್ದೆ ಖಾಲಿ ಇಲ್ಲ ಅಂತ ಅವನನ್ನು ಮೊದಲು ಜವಾನನ ಕೆಲಸಕ್ಕೆ ಹಾಕುತ್ತಾರೆ. ಹೊಸ ವರ್ಷದ ರಾತ್ರಿ ಕಂಪನಿಯ ಪಾರ್ಟಿಗೆ ಹೋಗುತ್ತಾನೆ, ಅವಳು ಬರುತ್ತೇನೆ ಅಂದಿದ್ದಳು. ಬರುವುದಿಲ್ಲ. ಆಮೇಲೆ ಒಬ್ಬ ಗುಮಾಸ್ತ ಸಾಯುತ್ತಾನೆ, ಮೇಜು ಖಾಲಿಯಾಗುತ್ತದೆ. ದೊಮೆನಿಕೊನನ್ನು ಮುಂದಿನ ಮೇಜಿಗೆ ಕೂರಿಸುತ್ತಾರೆ. ಹಿಂದೆ ಕೂತ ಹಳಬ ಎದ್ದು ಜಗಳ ತೆಗೆಯುತ್ತಾನೆ, 'ನಾನು ಇಪ್ಪತ್ತು ವರ್ಷದಿಂದ ಕಾಯ್ತಿದ್ದೀನಿ' ಅನ್ನುವ ಧಾಟಿ. ಎಲ್ಲರೂ ಒಂದೊಂದು ಮೇಜು ಮುಂದಕ್ಕೆ ಸರಿಯುತ್ತಾರೆ. ಹುಡುಗನಿಗೆ ಕೊನೆಯ ಮೇಜು, ಬೆಳಕು ಕಡಿಮೆ. ಕಾಗದದ ಪ್ರತಿ ತೆಗೆಯುವ ಸೈಕ್ಲೋಸ್ಟೈಲ್ ಯಂತ್ರದ ಸದ್ದು ಜಾಸ್ತಿಯಾಗುತ್ತಾ ಹೋಗುತ್ತದೆ, ಅವನ ಮುಖ, ಮುಗಿಯಿತು. ಸೈಕ್ಲೋಸ್ಟೈಲ್ ಸದ್ದು ಕೇಳಿದವರು ಇಲ್ಲಿ ಇನ್ನೂ ಇದ್ದಾರಾ? ಇದ್ದರೆ ನಿಮಗೆ ಆ ಕೊನೆ ಅರ್ಥ ಆಗುತ್ತದೆ.

ಹಳೇ ಟಾಕೀಸು

ಇದ್ದೇನೆ ಮೇಡಂ. 26 ವರ್ಷ ಅದರ ಪಕ್ಕದಲ್ಲೇ ಕೂತಿದ್ದೆ. ಸ್ಟೆನ್ಸಿಲ್ ಹರಿದರೆ ಬೆರಳೆಲ್ಲ ಶಾಯಿ.

ರೀಲ್ ಡಬ್ಬಿ

ಧಾರವಾಡದಾಕಿ ಅವರು ಹೇಳಿದ ಆ ಕಚೇರಿ ಸೆಟ್ ಅಲ್ಲ, ಓಲ್ಮಿ ಕೆಲಸ ಮಾಡುತ್ತಿದ್ದ ಎಡಿಸನ್ ಕಂಪನಿಯ ನಿಜವಾದ ಕಚೇರಿ. ತನ್ನ ಸ್ವಂತ ಬದುಕನ್ನೇ ಬರೆದಿದ್ದಾನೆ. ಅಂತೊನಿಯೆತ್ತ ಪಾತ್ರ ಮಾಡಿದ ಲೊರೆದಾನ ದೆತ್ತೊ ಅವರನ್ನು 1963ರಲ್ಲಿ ಮದುವೆಯಾದ. ಸಾಯುವ ತನಕ ಜೊತೆಗಿದ್ದರು. ಅವರ ಮಗ ಫಾಬಿಯೊ ಮುಂದೆ ಅಪ್ಪನ ಸಿನಿಮಾಗಳಿಗೇ ಕ್ಯಾಮೆರಾ ಹಿಡಿದ.

ಸಂಕಲನದ ಮೇಜು

ಹಾಗಾದರೆ ಮೊದಲ ಪ್ರಶ್ನೆಗೆ ಉತ್ತರ ಪೂರ್ತಿ ಹೇಳಬೇಕು. ಎಲ್ಲ ಸಿನಿಮಾದಲ್ಲೂ ಎಲ್ಲ ಅವನೇ ಮಾಡಿದ್ದಲ್ಲ. 'ಇಲ್ ಪೋಸ್ತೊ'ದ ಕ್ಯಾಮೆರಾ ಲಾಂಬೆರ್ತೊ ಕೈಮಿ, ಸಂಕಲನ ಕಾರ್ಲಾ ಕೊಲಂಬೊ. ಒಬ್ಬನೇ ಎಲ್ಲ ಮಾಡಿದ ಅಂತ ಹೇಳಿದರೆ ಈ ಜನರಿಗೆ ಅನ್ಯಾಯ. ಎಪ್ಪತ್ತರ ದಶಕದಲ್ಲಿ ಟೀವಿಗಾಗಿ ಕೆಲಸ ಮಾಡುವಾಗ ನಿಧಾನಕ್ಕೆ ಕ್ಯಾಮೆರಾ ತಾನೇ ಹಿಡಿದ.

ನಾನು ಸಂಕಲನದ ಕೆಲಸದಲ್ಲೇ ಇರುವವನು, ಹಾಗಾಗಿ ಇದು ನನ್ನ ಕಣ್ಣಿಗೆ ಬೀಳುತ್ತದೆ. ಓಲ್ಮಿ ಕೆಲಸವನ್ನು ಅವಸರದಲ್ಲಿ ಕತ್ತರಿಸುವುದಿಲ್ಲ. ಜೋಳದ ತೆನೆ ಸುಲಿಯುವುದು, ಬಟ್ಟೆ ಒಗೆಯುವುದು, ಬತಿಸ್ತೀ ಮರ ಕೆತ್ತುವುದು, ಇದನ್ನೆಲ್ಲ ಬೇರೆಯವರಾದರೆ ಮೂರು ಶಾಟ್‌ನಲ್ಲಿ ಮುಗಿಸಿ ಕಥೆಗೆ ಓಡುತ್ತಾರೆ. ಇವನಿಗೆ ಅದೇ ಕಥೆ. ಮನೆಯವರು ಪ್ರಾರ್ಥನೆ ಹೇಳುತ್ತಿರುವಾಗ ಬತಿಸ್ತೀ ಕೆತ್ತುತ್ತಿರುತ್ತಾನೆ. ಮರದ ತುಂಡು ನಿಧಾನಕ್ಕೆ ಪುಟ್ಟ ಕಾಲಿನ ಆಕಾರಕ್ಕೆ ಬರುತ್ತದೆ. ನಾವು ಅಷ್ಟು ಹೊತ್ತು ನೋಡಿದ್ದರಿಂದಲೇ ಆ ಮೆಟ್ಟಿನ ಬೆಲೆ ನಮಗೆ ಗೊತ್ತಾಗುವುದು. ಧಣಿ ಮನೆ ಬಿಡಿಸಿದಾಗ ಎದೆ ಒಡೆಯುವುದು ಅದಕ್ಕೇ. ಕೆಂಪು ಹೊಲ ಅವರು ಭಾಷಣ ಕೇಳುತ್ತಾರೆ, ನನಗೆ ಆ ಕೆತ್ತನೆಯೇ ಸಾಕಾಗಿತ್ತು.

ಕೆಂಪು ಹೊಲ

ಇದನ್ನು ಒಪ್ಪುತ್ತೇನೆ. ಕೆಲಸ ತೋರಿಸುವುದರಲ್ಲಿ ಅವನ ಸಮಾನ ಯಾರೂ ಇಲ್ಲ. 'ಇಲ್ ಪೋಸ್ತೊ' ನೋಡಿದಾಗ ನನಗೆ ಸಿಟ್ಟು ಬಂತು, ಬರಬೇಕಾದ ಕಡೆಯೇ ಬಂತು. ಆದರೆ ಕ್ಲಾಗ್ಸ್ ವಿಷಯದಲ್ಲಿ ಕಣ್ಣೀರು ಸಿಟ್ಟನ್ನು ತೊಳೆದುಬಿಡುತ್ತದೆ ಅನ್ನುವ ಮಾತು ವಾಪಸ್ ತೆಗೆದುಕೊಳ್ಳುವುದಿಲ್ಲ.

ಹಾಂ, ಒಂದು ಹೊಳೆಯಿತು. ಮೊದಲ ದೃಶ್ಯದಲ್ಲಿ ಪಾದ್ರಿ ಹೇಳುವುದು ಏನು? ಹುಡುಗ ಜಾಣ, ಶಾಲೆಗೆ ಕಳಿಸಿ. ಅಪ್ಪನಿಗೆ ಮನಸ್ಸಿಲ್ಲ, ಮನೆಗೆಲಸಕ್ಕೆ ಬೇಕು. ಕಳಿಸುತ್ತಾನೆ. ಶಾಲೆಗೆ ನಡೆದೇ ಮೆಟ್ಟು ಒಡೆಯುತ್ತದೆ, ಮೆಟ್ಟಿನಿಂದ ಮರ, ಮರದಿಂದ ಬೀದಿ. ಅಕ್ಷರ ಕಲಿಯಲು ಹೊರಟ ಒಬ್ಬ ಬಡವನ ಮಗನಿಗೆ ಆ ವ್ಯವಸ್ಥೆ ಕೇಳಿದ ಬೆಲೆ ಅದು. ಇದನ್ನು ಬರೆದವನು ಸಿಟ್ಟಿಲ್ಲದವನಲ್ಲ.

ಸಂಕಲನದ ಮೇಜು

ಇದನ್ನೇ ನಾನು ಎರಡು ದಿನದಿಂದ ಹೇಳಲು ನೋಡುತ್ತಿದ್ದೆ ಸರ್.

ಬೆಳ್ಳಿ ಪರದೆ

ನನಗೆ ತುಂಬಾ ಇಷ್ಟ 'ಇ ಫಿದಾನ್ಸಾತಿ', ನಿಶ್ಚಿತಾರ್ಥವಾದವರು. 1963. ಮಿಲಾನ್‌ನ ಒಬ್ಬ ವೆಲ್ಡರ್‌ನನ್ನು ಕಂಪನಿ ಸಿಸಿಲಿಗೆ ಕಳಿಸುತ್ತದೆ, ಹೊಸ ಕಾರ್ಖಾನೆಗೆ. ಅವನ ಹುಡುಗಿ ಇಲ್ಲೇ ಉಳಿಯುತ್ತಾಳೆ. ಶುರುವಾಗುವುದು ಒಂದು ಡ್ಯಾನ್ಸ್ ಹಾಲ್‌ನಲ್ಲಿ. ಇನ್ನೂ ಖಾಲಿ. ನೆಲದ ಮೇಲೆ ಪುಡಿ ಚೆಲ್ಲುತ್ತಾರೆ, ಜನ ಒಬ್ಬೊಬ್ಬರೇ ಬಂದು ಗೋಡೆ ಬದಿ ಕೂರುತ್ತಾರೆ. ಇವರಿಬ್ಬರು ಎದುರು ಕೂತಿದ್ದರೂ ಒಬ್ಬರ ಮುಖ ಒಬ್ಬರು ನೋಡುವುದಿಲ್ಲ. ದೂರ ಹೋದ ಮೇಲೆ ಪತ್ರದಲ್ಲೇ ಅವರಿಗೆ ಮಾತು ಬರುವುದು. ನನ್ನ ಗಂಡ ಮೂರು ವರ್ಷ ದುಬೈಯಲ್ಲಿದ್ದರು. ಮನೆಯಲ್ಲಿ ಇರುವಾಗ ಹೇಳದ ಮಾತನ್ನು ಅಲ್ಲಿಂದ ಹೇಳುತ್ತಿದ್ದರು. ಹಾಗಾಗಿ ಇದು ನನ್ನದೇ ಸಿನಿಮಾ.

ಇತಿಹಾಸದ ಮೇಷ್ಟ್ರು

ಅವನ ಬದುಕು ನೇರ ಮೇಲಕ್ಕೆ ಹೋದದ್ದಲ್ಲ ಅನ್ನುವುದೂ ಹೇಳಬೇಕು. ಅರವತ್ತರ ಶುರುವಿನಲ್ಲಿ ವಿಮರ್ಶಕ ತುಲ್ಲಿಯೊ ಕೆಜಿಚ್ ಮತ್ತಿತರ ಗೆಳೆಯರ ಜೊತೆ ಮಿಲಾನ್‌ನಲ್ಲಿ '22 ಡಿಸೆಂಬರ್' ಅಂತ ನಿರ್ಮಾಣ ಸಂಸ್ಥೆ ಕಟ್ಟಿದ. ನಿರ್ದೇಶಕಿ ಲೀನಾ ವರ್ಟ್‌ಮುಲ್ಲರ್ ಅವರ ಮೊದಲ ಸಿನಿಮಾ ಬಂದದ್ದು ಅದರಿಂದಲೇ. ಸಂಸ್ಥೆ ಬಹಳ ದಿನ ನಡೆಯಲಿಲ್ಲ. ಬೆರ್ಗಮೊ ಕಡೆಯ ರೈತರ ಮನೆಯಿಂದಲೇ ಬಂದ 23ನೇ ಪೋಪ್ ಜಾನ್ ಬಗ್ಗೆ 1965ರಲ್ಲಿ ಹಾಲಿವುಡ್ ನಟ ರಾಡ್ ಸ್ಟೈಗರ್ ಹಾಕಿಕೊಂಡು ಒಂದು ಸಿನಿಮಾ ಮಾಡಿದ, ಓಡಲಿಲ್ಲ. ಆಮೇಲೆ ಹತ್ತು ವರ್ಷಕ್ಕೂ ಜಾಸ್ತಿ ಟೀವಿಯ ಕೆಲಸವೇ ಹೆಚ್ಚು. ಕ್ಲಾಗ್ಸ್‌ಗೂ ದುಡ್ಡು ಹಾಕಿದ್ದು ಇಟಲಿಯ ಸರ್ಕಾರಿ ಟೀವಿ.

ಕಾನ್ ಪ್ರಶಸ್ತಿ ಬಂದ ಮೇಲೆ ಆರಾಮಾಗಿ ಇರಬಹುದಿತ್ತು. 1982ರಲ್ಲಿ ಬಸ್ಸಾನೊ ದೆಲ್ ಗ್ರಾಪ್ಪಾ ಊರಲ್ಲಿ 'ಇಪೊತೆಜಿ ಚಿನೆಮಾ' ಅಂತ ಎಳೆಯರಿಗಾಗಿ ಒಂದು ಜಾಗ ಮಾಡಿದ. ಅಲ್ಲಿ ಮೇಷ್ಟ್ರೂ ಇಲ್ಲ, ಪರೀಕ್ಷೆಯೂ ಇಲ್ಲ. ನಾನು 31 ವರ್ಷ ಪಾಠ ಮಾಡಿದವನು, ಇದನ್ನು ಓದಿದಾಗ ಬಹಳ ಹೊತ್ತು ಯೋಚಿಸಿದೆ. ಅದಾದ ಸ್ವಲ್ಪದರಲ್ಲೇ ನರಗಳ ಕಾಯಿಲೆ ಬಂದು ಹಾಸಿಗೆ ಹಿಡಿದ. ಮುಗಿಯಿತು ಅಂದುಕೊಂಡರು. 1987ರಲ್ಲಿ ವಾಪಸ್ ಬಂದ, ವೆನಿಸ್ ಚಿತ್ರೋತ್ಸವದಲ್ಲಿ ಬೆಳ್ಳಿ ಸಿಂಹ ಪ್ರಶಸ್ತಿ. ಮರುವರ್ಷವೇ ಯೋಸೆಫ್ ರೋಟ್ ಎಂಬ ಲೇಖಕನ ಕಥೆಯಿಂದ ಮಾಡಿದ 'ಪವಿತ್ರ ಕುಡುಕನ ಕಥೆ'ಗೆ ಚಿನ್ನದ ಸಿಂಹ. ನಟ ರಟ್ಗರ್ ಹೌಯರ್ ಪ್ಯಾರಿಸ್‌ನ ಸೇತುವೆ ಕೆಳಗೆ ಮಲಗುವ ಕುಡುಕನಾಗಿ. ಯಾರೋ ಒಬ್ಬ 200 ಫ್ರಾಂಕ್ ಕೊಟ್ಟು, ಆದಾಗ ಚರ್ಚಿಗೆ ವಾಪಸ್ ಕೊಡು ಅನ್ನುತ್ತಾನೆ. ಕೊಡಬೇಕು ಅಂತ ಪ್ರತಿ ಸಲ ಹೊರಡುತ್ತಾನೆ, ಪ್ರತಿ ಸಲ ಏನೋ ಅಡ್ಡ ಬರುತ್ತದೆ.

ನನ್ನ ವಿಷಯಕ್ಕೆ ಹತ್ತಿರದ್ದು 2001ರ 'ಇಲ್ ಮೆಸ್ತಿಯೆರೆ ದೆಲ್ಲೆ ಆರ್ಮಿ'. 1526ರಲ್ಲಿ ಜೊವಾನ್ನಿ ದೆ ಮೆದಿಚಿ ಎಂಬ ಸೇನಾನಿಯ ಕೊನೆಯ ದಿನಗಳು. ಕತ್ತಿ, ಕವಚ, ಧೈರ್ಯ ಎಲ್ಲ ಇತ್ತು. ಒಂದು ಸಣ್ಣ ಫಿರಂಗಿಯ ಗುಂಡು ಕಾಲಿಗೆ ಬಿತ್ತು, ಕಾಲು ಕತ್ತರಿಸಿದರು, ಆದರೂ ಸತ್ತ. ದೂರದಿಂದ ಕೊಲ್ಲುವ ಕಾಲ ಹೇಗೆ ಬಂತು ಅನ್ನುವುದು ಮಕ್ಕಳಿಗೆ ಪಾಠದಲ್ಲಿ ಹೇಳಲು ನನಗೆ ಆಗದ್ದನ್ನು ಆ ಸಿನಿಮಾ ಹೇಳಿತು. ಇಟಲಿಯ ದೊಡ್ಡ ಸಿನಿಮಾ ಪ್ರಶಸ್ತಿ ದಾವಿದ್, ಅದಕ್ಕೆ 9 ಬಂದವು.

ತೆಂಗಿನ ತೋಟ

ಮೇಷ್ಟ್ರೇ, ಇದು ಕೊಟ್ಟಿಗೆ ಕಥೆಗಿಂತ ಉದ್ದ ಆಯಿತು. ಆದರೂ ಪೂರ್ತಿ ಓದಿದೆ.

ಹಳೇ ಟಾಕೀಸು

2007ರಲ್ಲಿ ಇನ್ನು ಕಥಾಚಿತ್ರ ಮಾಡುವುದಿಲ್ಲ ಅಂದಿದ್ದನಲ್ಲ? ಆಮೇಲೂ ಮಾಡಿದ ಹಾಗಿದೆ.

ರೀಲ್ ಡಬ್ಬಿ

ಹೌದು ಸರ್. 2007ರ 'ಚೆಂತೊಕಿಯೊದಿ' ಕೊನೆಯದು ಅಂದಿದ್ದ, ಪ್ರಾಧ್ಯಾಪಕನೊಬ್ಬ ನೂರು ಹಳೇ ಪುಸ್ತಕಕ್ಕೆ ಮೊಳೆ ಹೊಡೆದು ಪೊ ನದಿ ದಡಕ್ಕೆ ಹೋಗುವ ಕಥೆ. ಆದರೆ 2011ರಲ್ಲಿ ಒಂದು, 2014ರಲ್ಲಿ ಇನ್ನೊಂದು ಬಂತು. ಆ ಕೊನೆಯದನ್ನು ಬಿಡಬೇಡಿ, ಮೊದಲ ಮಹಾಯುದ್ಧದಲ್ಲಿ ಹಿಮದೊಳಗಿನ ಕಂದಕದ ಒಂದು ರಾತ್ರಿ. ಯುದ್ಧದ ಕಥೆ ಹೇಳುತ್ತಿದ್ದ ತನ್ನ ಅಪ್ಪನಿಗೆ ಅರ್ಪಿಸಿದ್ದಾನೆ. ಓಲ್ಮಿ ಮನೆ ಕಟ್ಟಿಕೊಂಡಿದ್ದ ಅಸಿಯಾಗೊ ಬೆಟ್ಟದ ಮೇಲೆಯೇ ಆ ಯುದ್ಧ ನಡೆದದ್ದು. 1970ರ 'ಇ ರೆಕುಪೆರಾಂತಿ'ಯೂ ಅಲ್ಲಿಯದೇ, ಎರಡನೇ ಮಹಾಯುದ್ಧ ಮುಗಿದ ಮೇಲೆ ಹೊಟ್ಟೆಪಾಡಿಗೆ ನೆಲ ಅಗೆದು ಹಳೇ ಬಾಂಬು ಹೆಕ್ಕಿ ಗುಜರಿಗೆ ಮಾರುವವರ ಕಥೆ. 2018ರ ಮೇನಲ್ಲಿ ಓಲ್ಮಿ ತೀರಿಕೊಂಡದ್ದೂ ಅಸಿಯಾಗೊದಲ್ಲೇ.

ಮಲೆನಾಡಿಗ

ಇಷ್ಟೊಂದು ಬರೆದಿರಿ, ಎಲ್ಲರಿಗೂ ಋಣಿ. ಧಾರವಾಡದಾಕಿ ಅವರ ಮಾತಿನಂತೆ ನಿನ್ನೆ ರಾತ್ರಿ ಅಪ್ಪನಿಗೆ 'ಇಲ್ ಪೋಸ್ತೊ' ಹಾಕಿದೆ. ಮೇಜಿಗೆ ಜಗಳ ಆಡುವಾಗ ಅಪ್ಪ 'ಪಾಪ, ಅವನದ್ದೂ ಸರಿಯೇ' ಅಂದರು, ಜಗಳ ತೆಗೆದ ಹಳಬನ ಬಗ್ಗೆ.

ಆಮೇಲೆ ಇಲ್ಲಿ ನೀವೆಲ್ಲ ಬರೆದದ್ದನ್ನು ಓದಿ ಹೇಳಿದೆ. ಪಾದ್ರಿಯ ಮಾತು, ನಾಣ್ಯ, ಕೋಳಿ ಗೊಬ್ಬರ. ಊಟ ಮುಗಿಸಿ ಎಲೆಅಡಿಕೆ ಹಾಕಿಕೊಂಡು ಅವರೇ ಶುರು ಮಾಡಿದರು, ಇಷ್ಟು ವರ್ಷದಲ್ಲಿ ನನಗೆ ಹೇಳದ ಮಾತು. ಅವರಿಗೆ ಒಂಬತ್ತೋ ಹತ್ತೋ ವರ್ಷ ಇದ್ದಾಗ ಪಕ್ಕದ ಒಕ್ಕಲನ್ನು ಧಣಿ ಬಿಡಿಸಿದನಂತೆ, ಗೇಣಿ ಬಾಕಿ ಅಂತ. ಮಳೆಗಾಲ. ಅವರು ಗಂಟು ಕಟ್ಟಿಕೊಂಡು ಹೋಗುವಾಗ ಅಜ್ಜ ಬಾಗಿಲು ಹಾಕಿಕೊಂಡರು. ಅಪ್ಪ ಕಿಟಕಿ ಸರಳಿನಲ್ಲಿ ನೋಡಿದರು. ಆ ಮನೆಯ ಹುಡುಗ ಇವರ ಜೊತೆ ಆಡುತ್ತಿದ್ದವನು, ತಿರುಗಿ ನೋಡಿದನಂತೆ. ಒರಳುಕಲ್ಲು ಹೊರಲು ಆಗದೆ ಅಂಗಳದಲ್ಲೇ ಬಿಟ್ಟುಹೋದರು. ಅದನ್ನು ಅಜ್ಜಿ ಆಮೇಲೆ ನಮ್ಮ ಮನೆಗೆ ತರಿಸಿದರು.

ನಮ್ಮ ಹಿತ್ತಲಲ್ಲಿ ಈಗಲೂ ಇದೆ ಆ ಒರಳು. ದೋಸೆಗೆ ಅದರಲ್ಲೇ ರುಬ್ಬುತ್ತಿದ್ದರು, ನಾನೂ ರುಬ್ಬಿದ್ದೇನೆ. ಯಾರದ್ದು ಅಂತ ನನಗೆ ಗೊತ್ತಿರಲಿಲ್ಲ.

ಕೆಂಪು ಹೊಲ

ಅವರು ಎಲ್ಲಿ ಹೋದರು ಅಂತ ಅಪ್ಪನಿಗೆ ಗೊತ್ತಾ?

ಮಲೆನಾಡಿಗ

ಘಟ್ಟದ ಕೆಳಗೆ ಅಂತಷ್ಟೇ ಗೊತ್ತಂತೆ. ವಿಚಾರಿಸಿ ನೋಡು ಅಂದಿದ್ದಾರೆ. ಮುಂದಿನ ಭಾನುವಾರಕ್ಕೆ ಯಾವುದು ಹಾಕಲಿ, ಇನ್ನೊಂದು ಮೂರು ಗಂಟೆಯದ್ದು ಬೇಡ, ಸೊಂಟ ನೋವು ಅವರಿಗೆ.

ಬೆಳ್ಳಿ ಪರದೆ

ಇ ಫಿದಾನ್ಸಾತಿ ಹಾಕಿ. 77 ನಿಮಿಷ ಅಷ್ಟೇ. ಈ ಸಲ ಅಮ್ಮನನ್ನೂ ಕೂರಿಸಿಕೊಳ್ಳಿ.